ಹಳೇ ಕಾಗದ ಸ್ಕ್ಯಾನ್ ಮಾಡಿಸೋರಿಗೆ: ದುರ್ಗಿಗುಡಿ ಕಡೆಯ ಬೈಂಡಿಂಗ್ ಅಂಗಡಿ

ಶಿವಮೊಗ್ಗದಲ್ಲಿ ಮನೆಯ ಹಳೇ ಕಾಗದಗಳನ್ನ ಯಾರಿಗೆ ನಂಬಿ ಕೊಡೋದು ಅಂತ ತುಂಬ ಜನ ಕೇಳ್ತಿರ್ತಾರೆ, ದುರ್ಗಿಗುಡಿ ಕಡೆ ಒಂದು ಸಣ್ಣ ಬೈಂಡಿಂಗ್ ಅಂಗಡಿ ಇದೆ, ಹೊರಗೆ ಜೆರಾಕ್ಸ್ ಅಂತ ಬೋರ್ಡು, ಅಲ್ಲಿಗೆ ಕೊಡಿ. ನಮ್ಮಜ್ಜಿಗೆ ಅವರ ತಂಗಿ ಬರೆದ ಇನ್‌ಲ್ಯಾಂಡ್ ಲೆಟರು, ಕಾರ್ಡು ಎಲ್ಲ ಅಟ್ಟದ ಟ್ರಂಕಲ್ಲಿ ಇದ್ವು, ನಮ್ಮ ಕಡೆ ಮಳೆಗಾಲದ ಥಂಡಿಗೆ ಅರ್ಧ ಅಂಟ್ಕೊಂಡು ಬೂಷ್ಟು ಹಿಡಿದಿದ್ವು. ಬೇರೆ ಒಂದು ಕಡೆ ಕೇಳಿದಾಗ ಎಲ್ಲ ಲ್ಯಾಮಿನೇಷನ್ ಮಾಡ್ಸಿಬಿಡಿ ಅಂದ್ರು. ಇವರು ಮೊದಲ ಮಾತಲ್ಲೇ ಬೇಡ ಅಂದ್ರು, ಬಿಸಿಗೆ ಪ್ಲಾಸ್ಟಿಕ್ ಅಂಟಿದ್ಮೇಲೆ ಮತ್ತೆ ಬಿಡಿಸೋಕಾಗಲ್ಲ, ಕಾಗದ ಒಳಗೇ ಹಾಳಾಗುತ್ತೆ ಅಂತ.

ಸ್ಕ್ಯಾನ್ ಮಾಡೋದು ಗಾಜಿನ ಮೇಲೆ ಒಂದೊಂದೇ ಇಟ್ಟು, ಕಲರಲ್ಲಿ, 600 ಡಿಪಿಐ, ಅಂದ್ರೆ ಒಂದಿಂಚಿಗೆ 600 ಚುಕ್ಕಿಯಷ್ಟು ಸೂಕ್ಷ್ಮವಾಗಿ. ಮೆಷಿನ್ನಿಗೆ ಕಂತೆಗಟ್ಟಲೆ ತುರುಕಲ್ಲ. ಇದು ಯಾಕೆ ಮುಖ್ಯ ಅಂದ್ರೆ ಹೆಂಗಸರು ಇನ್‌ಲ್ಯಾಂಡಲ್ಲಿ ಒಂದಿಂಚೂ ಜಾಗ ಬಿಡ್ತಿರ್ಲಿಲ್ಲ, ಅಂಚಲ್ಲಿ ಅಡ್ಡಡ್ಡ, ಮಡಿಸೋ ತುದೀಲಿ ತಲೆಕೆಳಗಾಗಿ, ಎಲ್ಲ ಕಡೆ ಬರೀತಿದ್ರು. ಮಧ್ಯದಲ್ಲಿ ಇರೋದು ಕ್ಷೇಮ ಸಮಾಚಾರ, ಮನೆಯವರೆಲ್ಲರ ಮುಂದೆ ಓದೋ ಮಾತು. "ಇದನ್ನ ಭಾವನ ಎದುರು ಓದಬೇಡ ಅಕ್ಕಯ್ಯ" ಅನ್ನೋದು ಅಂಚಲ್ಲಿ. ಅಂಚು ಕಟ್ಟಾದ್ರೆ ಚಿಕ್ಕಜ್ಜಿಯ ಅರ್ಧ ಬದುಕೇ ಹೋಯ್ತು.

ಇನ್ನೊಂದು, ವಿಳಾಸದ ಕಡೆಯನ್ನೂ ಬಿಡದೆ ಸ್ಕ್ಯಾನ್ ಮಾಡ್ತಾರೆ. ಚಿಕ್ಕಜ್ಜಿ ತಾರೀಕೇ ಹಾಕ್ತಿರ್ಲಿಲ್ಲ, ಬರೀ ಗುರುವಾರ ಅಂತ ಬರೆದು ಬಿಡೋದು. ಅಂಚೆ ಮುದ್ರೆಯನ್ನ ಸ್ಕ್ರೀನಲ್ಲಿ ದೊಡ್ಡದು ಮಾಡಿ ನೋಡಿದ್ಮೇಲೇ ವರ್ಷ ಗೊತ್ತಾಗಿದ್ದು, ಶರಾವತಿ ಮುಳುಗಡೆ ಹೊತ್ತಿನವು ಅಂತ. ಆ ಹೊಳೆಗೆ ಕಟ್ಟಿದ ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಮುಗೀತು, ಅದಕ್ಕೆ ಮುಂಚೆ ಅವರು ಮನೆ ಬಿಚ್ಚಿ ತೊಲೆ ಕಂಬ ಸಾಗಿಸಿದ್ದು, ಹೊಳೆ ದಂಡೆಯ ಅಪ್ಪೆಮಿಡಿ ಮರ ಮುಂದಿನ ವರ್ಷ ಇರಲ್ಲ ಅಂತ ಆ ಸಲ ಜಾಸ್ತಿ ಮಿಡಿ ಉಪ್ಪಿಗೆ ಹಾಕಿದ್ದು, ಹೊಸ ಜಾಗಕ್ಕೆ ಬಂದ ಹಸು ಮೇವು ಮುಟ್ಟದೇ ಇದ್ದಿದ್ದು, ಎಲ್ಲ ಇದೆ. ಸರ್ಕಾರಿ ಕಡತದಲ್ಲಿ ಎಕರೆ ಗುಂಟೆ ಸಿಗುತ್ತೆ, ಪರಿಹಾರದ ಲೆಕ್ಕ ಸಿಗುತ್ತೆ, ಇದು ಎಲ್ಲಿ ಸಿಗುತ್ತೆ ಹೇಳಿ?

ಹೆಂಗಸರ ಬರಹ ತಾನಾಗೇ ಉಳಿಯಲ್ಲ, ಯಾರೋ ಒಬ್ಬರು ಎತ್ತಿಡಬೇಕು. ಹೆಣ್ಣುಮಕ್ಕಳ ಓದಿಗೆ, ವಿಧವೆಯರಿಗೆ ದುಡಿದ ಪಂಡಿತಾ ರಮಾಬಾಯಿ 1858ರಲ್ಲಿ ಹುಟ್ಟಿದ್ದು ಗಂಗಾಮೂಲದ ಕಾಡಲ್ಲಿ, ನಮ್ಮ ತುಂಗೆ ಹುಟ್ಟೋ ಜಾಗ ಅದು. ಆಮೇಲೆ 1883ರಲ್ಲಿ ಇಂಗ್ಲೆಂಡಿಗೆ ಹೋಗಿ ಚರ್ಚಿನವರ ಹತ್ರ ಧರ್ಮದ ವಿಷಯಕ್ಕೆ ಪತ್ರದಲ್ಲೇ ವಾದ ಮಾಡಿದ್ರು, ಆ ಪತ್ರಗಳನ್ನ ಅಲ್ಲಿನ ಕ್ರೈಸ್ತ ಸನ್ಯಾಸಿನಿ ಸಿಸ್ಟರ್ ಜೆರಾಲ್ಡಿನ್ ಸೇರಿಸಿ ಇಟ್ಟಿದ್ದಕ್ಕೆ 1977ರಲ್ಲಿ ಪುಸ್ತಕವಾಗಿ ಬಂತು, ಇಲ್ಲದಿದ್ರೆ ರಮಾಬಾಯಿ ಎಷ್ಟು ಗಟ್ಟಿಯಾಗಿ ಎದುರು ಮಾತಾಡಿದ್ರು ಅಂತ ನಮಗೆ ಗೊತ್ತೇ ಆಗ್ತಿರ್ಲಿಲ್ಲ. ತೀರ್ಥಹಳ್ಳಿಯ ಎಂ.ಕೆ. ಇಂದಿರಾ ಅವರ ಫಣಿಯಮ್ಮ ಕಾದಂಬರಿಯೂ (1976) ಹಾಗೇ, ಬಾಲವಿಧವೆಯೊಬ್ಬರು ತಮ್ಮ ಕಥೆಯನ್ನ ಇಂದಿರಾ ಅವರ ತಾಯಿಗೆ ಹೇಳಿ, ತಾಯಿ ಮಗಳಿಗೆ ಹೇಳಿ ಉಳಿದಿದ್ದು. ನಮ್ಮ ಮನೆಗಳಲ್ಲಿ ಜಮೀನಿನ ಪತ್ರ ಬೀರುವಲ್ಲಿ ಇರುತ್ತೆ, ಅಜ್ಜಿಯ ಕಾಗದ ಹಂಡೆ ಒಲೆಗೆ ಹೋಗುತ್ತೆ. ನಂಗೆ ಇದು ನಿಜವಾಗ್ಲೂ ಸಂಕಟ ಆಗೋ ವಿಷಯ.

ಕೊರತೆ ಅಂದ್ರೆ ಹೇಳಿದ ದಿನಕ್ಕೆ ಕೊಡಲ್ಲ, ಎರಡು ಸಲ ಫೋನ್ ಮಾಡಬೇಕಾಯ್ತು. ರೇಟು ಮಾಮೂಲಿ ಜೆರಾಕ್ಸಿಗಿಂತ ಎಷ್ಟೋ ಜಾಸ್ತಿ, ಆದ್ರೆ ಮಾಡೋ ಕೆಲಸ ನೋಡಿದ್ರೆ ಕೊಡಬಹುದು. ವಾಟ್ಸಾಪಲ್ಲಿ ಕಳಿಸಿ ಅನ್ಬೇಡಿ, ಫೋಟೋ ಥರ ಕಳಿಸಿದ್ರೆ ಕ್ಲಾರಿಟಿ ಹೋಗುತ್ತೆ, ಪೆನ್‌ಡ್ರೈವ್ ತಗೊಂಡು ಹೋಗಿ. ಕಾಗದಕ್ಕೆ ರಬ್ಬರ್ ಬ್ಯಾಂಡ್ ಹಾಕ್ಬೇಡಿ, ಹರಿದಿದ್ರೆ ಮನೇಲೇ ಸೆಲ್ಲೋ ಟೇಪ್ ಹಚ್ಚೋಕೂ ಹೋಗ್ಬೇಡಿ, ಅದು ಹಳದಿಯಾಗಿ ಅಕ್ಷರ ತಿನ್ನುತ್ತೆ. ಮಧ್ಯಾಹ್ನ ಊಟಕ್ಕೆ ಬಾಗಿಲು ಹಾಕ್ತಾರೆ, ಬೆಳಿಗ್ಗೆ ಹೋಗೋದೇ ಒಳ್ಳೇದು.

ಮುಂದಿನ ಸಲ ಅಜ್ಜಿಯ ಹಾಡಿನ ನೋಟ್‌ಬುಕ್ ಕೊಡಬೇಕು. ಅದರಲ್ಲಿ ಮದುವೆ ಹಾಡಿನ ಮಧ್ಯೆ ಹಾಲಿನ ಲೆಕ್ಕ ಇದೆ, ಎರಡನ್ನೂ ಹೇಗಿದೆಯೋ ಹಾಗೇ ಸ್ಕ್ಯಾನ್ ಮಾಡಿ, ಒಂದು ಪುಟಾನೂ ಬಿಡಬೇಡಿ ಅಂತ ಈಗ್ಲೇ ಹೇಳಿ ಬಂದಿದೀನಿ.