ಬೀಜಿಂಗ್‌ನ ಒಂದು ದಿನದ ಖಾಸಗಿ ಪ್ರವಾಸ: ಮುಂಗಡ ಕೊಡುವ ಮುನ್ನ ಗಮನಿಸಿ

ಬೀಜಿಂಗ್‌ನಲ್ಲಿ ಕಾರು ಮತ್ತು ಇಂಗ್ಲಿಷ್ ಬಲ್ಲ ಗೈಡ್ ಸಮೇತ ಒಂದು ದಿನದ ಖಾಸಗಿ ಪ್ರವಾಸವನ್ನು ಕಾಯ್ದಿರಿಸಲು ಯೋಚಿಸುತ್ತಿರುವವರು, ಅದರಲ್ಲೂ ವಯಸ್ಸಾದ ತಂದೆತಾಯಿಯರನ್ನು ಕರೆದೊಯ್ಯುವವರು, ಮುಂಗಡ ಪಾವತಿಸುವ ಮೊದಲು ಇದನ್ನು ಓದಬೇಕೆಂದು ಕೋರುತ್ತೇನೆ. ನಮಗೆ ಆದ ನಷ್ಟದಲ್ಲಿ ಹಣದ ಪಾಲು ಚಿಕ್ಕದು. ಎಪ್ಪತ್ತು ದಾಟಿದ ನಮ್ಮ ತಂದೆಯವರಿಗೆ ಮಹಾಗೋಡೆಯ ಮೇಲೆ ನಿಲ್ಲಲಾಗಲಿಲ್ಲ, ಚಕ್ರವರ್ತಿಗಳ ಹಳೆಯ ಅರಮನೆಯಾದ ನಿಷೇಧಿತ ನಗರದೊಳಗೆ ಕಾಲಿಡಲಾಗಲಿಲ್ಲ, ಇಲ್ಲದ ಕಾಯಿಲೆಯೊಂದರ ಭಯವನ್ನು ಹೊತ್ತು ಅವರು ಬೆಂಗಳೂರಿಗೆ ಮರಳಿದರು. ಸಂಸ್ಥೆಯ ಹೆಸರನ್ನು ಇಲ್ಲಿ ಬರೆಯುತ್ತಿಲ್ಲ. ಇದೇ ಪದ್ಧತಿ ಹಲವು ಹೆಸರುಗಳಲ್ಲಿ ನಡೆಯುವುದರಿಂದ ಒಂದು ಹೆಸರನ್ನು ದೂರವಿಟ್ಟ ಮಾತ್ರಕ್ಕೆ ಯಾರೂ ಪಾರಾಗುವುದಿಲ್ಲ. ಪದ್ಧತಿಯನ್ನು ಗುರುತಿಸುವುದು ಮುಖ್ಯ.

ಒಪ್ಪಂದವಾಗಿದ್ದ ಕಾರ್ಯಕ್ರಮ ಸರಳವಾಗಿತ್ತು: ಬೆಳಿಗ್ಗೆ ಮುಟಿಯಾನ್ಯು ಎಂಬಲ್ಲಿ ಮಹಾಗೋಡೆ, ಮಧ್ಯಾಹ್ನ ನಿಷೇಧಿತ ನಗರ, ಸಂಜೆ ಹೋಟೆಲಿಗೆ ವಾಪಸು. ಮುಟಿಯಾನ್ಯುವನ್ನು ನಾವು ತಂದೆಯವರ ಮಂಡಿನೋವಿನ ಕಾರಣಕ್ಕಾಗಿಯೇ ಆರಿಸಿಕೊಂಡಿದ್ದೆವು. ನಗರದ ನಡುಭಾಗದಿಂದ ಸುಮಾರು 70 ಕಿಲೋಮೀಟರ್ ದೂರದಲ್ಲಿರುವ ಈ ಭಾಗದಲ್ಲಿ ಕೇಬಲ್ ಕಾರು 14ನೆಯ ಕಾವಲು ಗೋಪುರದ ಹತ್ತಿರಕ್ಕೇ ಒಯ್ಯುತ್ತದೆ. ಅಲ್ಲಿಂದ ಹತ್ತಾರು ಹೆಜ್ಜೆ ನಡೆದರೂ ಬೆಟ್ಟಗಳ ನೆತ್ತಿಯ ಮೇಲೆ ಏರುತ್ತ ಇಳಿಯುತ್ತ ಸಾಗುವ ಗೋಡೆಯ ನೋಟ ಸಿಗುತ್ತದೆ. ಇದನ್ನೆಲ್ಲ ಸಂಸ್ಥೆಯವರಿಗೆ ಬರವಣಿಗೆಯಲ್ಲಿ ತಿಳಿಸಿ, ಅವರಿಂದ ಒಪ್ಪಿಗೆಯನ್ನೂ ಪಡೆದಿದ್ದೆವು. ಅವರು ಹೇಳಿದ ದರ ಬೇರೆಯವರು ಹೇಳಿದ್ದಕ್ಕಿಂತ ಬಹಳ ಕಡಿಮೆಯಿತ್ತು. ಇಡೀ ದಿನದ ಕಾರು, ಚಾಲಕ, ಗೈಡ್, ಎರಡು ಕಡೆಯ ಪ್ರವೇಶ ಶುಲ್ಕ, ಊಟ ಎಲ್ಲವೂ ಅದರಲ್ಲಿ ಸೇರಿದೆ ಎಂಬ ಭರವಸೆ ಇತ್ತು.

ಕಾರು ನಗರದ ಉತ್ತರ ಹೊರವಲಯವನ್ನು ದಾಟುತ್ತಿದ್ದಂತೆ, ಮುಟಿಯಾನ್ಯು ದಾರಿಯಲ್ಲಿ ವಾಹನ ದಟ್ಟಣೆ ಇದೆಯೆಂದೂ ಅದರ ಬದಲು ಜುಯೊಂಗ್‌ಗುವಾನ್ ಕಣಿವೆಯ ಗೋಡೆಗೆ ಹೋಗೋಣವೆಂದೂ ಗೈಡ್ ತಿಳಿಸಿದರು. ನಾವು ಆಕ್ಷೇಪಿಸುವಷ್ಟರಲ್ಲಿ ಕಾರು ಮಿಂಗ್ ವಂಶದ ಚಕ್ರವರ್ತಿಗಳ ಸಮಾಧಿಗಳ ಕಡೆಗೆ ಹೋಗುವ ಹೆದ್ದಾರಿಗೆ ತಿರುಗಿತ್ತು. ಆ ದಾರಿಯಲ್ಲಿ, ಶೌಚಾಲಯದ ನೆಪದಲ್ಲಿ, ಪ್ರವಾಸಿ ಬಸ್ಸುಗಳು ಸಾಲುಗಟ್ಟಿ ನಿಂತಿದ್ದ ದೊಡ್ಡದೊಂದು ಜೇಡ್ ಕಲ್ಲಿನ ಮಳಿಗೆಯ ಮುಂದೆ ನಮ್ಮನ್ನು ಇಳಿಸಲಾಯಿತು.

ಒಳಗೆ ಮೊದಲು ಕಲ್ಲು ಕೆತ್ತುವವರನ್ನು ತೋರಿಸಿದರು. ಆಮೇಲೆ ನಿಜವಾದ ಜೇಡ್ ಗಾಜನ್ನು ಗೀರುತ್ತದೆ, ತಟ್ಟಿದರೆ ಗಂಟೆಯಂತೆ ನಾದ ಕೊಡುತ್ತದೆ ಎಂದು ಪ್ರಯೋಗ ಮಾಡಿ ತೋರಿಸಿದರು. ಈ ಪ್ರಯೋಗಗಳನ್ನು ನಂಬಬೇಡಿ. ಅಗ್ಗದ ಕ್ವಾರ್ಟ್ಜ್ ಕಲ್ಲು ಕೂಡ ಗಾಜನ್ನು ಗೀರುತ್ತದೆ. ಜೇಡ್ ಎಂಬ ಒಂದೇ ಹೆಸರಿನಲ್ಲಿ ಜೇಡೈಟ್ ಮತ್ತು ನೆಫ್ರೈಟ್ ಎಂಬ ಎರಡು ಬೇರೆ ಬೇರೆ ಕಲ್ಲುಗಳು ಮಾರಾಟವಾಗುತ್ತವೆ. ಕಳಪೆ ಜೇಡೈಟನ್ನು ಆಮ್ಲದಲ್ಲಿ ತೊಳೆದು, ಬಿರುಕುಗಳಿಗೆ ರಾಳ ತುಂಬಿ, ಹೊಳೆಯುವಂತೆ ಮಾಡುವ ರೂಢಿಯೂ ಇದೆ. ಅಂಥದ್ದನ್ನು ಖಚಿತವಾಗಿ ಗುರುತಿಸಲು ಪ್ರಯೋಗಾಲಯದ ಪರೀಕ್ಷೆ ಬೇಕಾಗುತ್ತದೆಯೇ ಹೊರತು ಅಂಗಡಿಯ ಮೇಜಿನ ಮುಂದೆ ನಿಂತ ಪ್ರವಾಸಿಗೆ ಅದು ಸಾಧ್ಯವಿಲ್ಲ. ನಾವು ಏನನ್ನೂ ಕೊಳ್ಳಲಿಲ್ಲ. ಆದರೆ ಬೆಳಗಿನ ಅತ್ಯುತ್ತಮ ಸಮಯ ಅಲ್ಲಿಯೇ ಕಳೆಯಿತು, ಮತ್ತು ನಾವು ಬರಿಗೈಯಲ್ಲಿ ಹೊರಬಂದಾಗ ಗೈಡ್‌ರ ಮಾತಿನ ಧಾಟಿ ಬದಲಾಗಿತ್ತು.

ಜುಯೊಂಗ್‌ಗುವಾನ್ ಸುಂದರವಾದ ಸ್ಥಳವೇ, ಅದರ ಇತಿಹಾಸವೂ ದೊಡ್ಡದೇ. ಕಣಿವೆಯನ್ನು ಕಾಯುವ ಕೋಟೆಯಾಗಿ ಅದಕ್ಕೆ ಮಹತ್ವವಿದೆ. ಆದರೆ ಅಲ್ಲಿ ಕೇಬಲ್ ಕಾರಿಲ್ಲ. ಗೋಡೆ ಕೆಳಗಿನಿಂದಲೇ ಕಡಿದಾಗಿ ಮೇಲೇರುತ್ತದೆ, ಮೆಟ್ಟಿಲುಗಳ ಎತ್ತರ ಒಂದಕ್ಕೊಂದು ಸಮವಿಲ್ಲ. ತಂದೆಯವರು ಕೆಲವು ಮೆಟ್ಟಿಲು ಹತ್ತಿ, ಕೈಕಂಬಿ ಹಿಡಿದು ನಿಂತು, ಕೆಳಗಿಳಿದು ಕಲ್ಲುಬೆಂಚಿನ ಮೇಲೆ ಕುಳಿತರು. "ನೀವು ನೋಡಿಕೊಂಡು ಬನ್ನಿ, ನನಗೆ ಇಲ್ಲಿಂದಲೇ ಕಾಣುತ್ತದೆ" ಎಂದರು. ಅವರು ಹೈಸ್ಕೂಲಿನಲ್ಲಿ ಇತಿಹಾಸ ಕಲಿಸಿದವರು. ಈ ಗೋಡೆಯ ಪಾಠವನ್ನು ವರ್ಷವರ್ಷವೂ ಹೇಳಿದವರು. ಬಂದದ್ದೇ ಅವರಿಗಾಗಿ. ಗೈಡ್‌ಗೆ ಇದು ಗೊತ್ತಿತ್ತು, ಮುಟಿಯಾನ್ಯುವನ್ನು ಏಕೆ ಕೇಳಿದ್ದೆವು ಎಂಬುದೂ ಗೊತ್ತಿತ್ತು. ಹೀಗಿದ್ದೂ ಅಂಗಡಿಗಳಿರುವ ದಾರಿಯಲ್ಲಿ ಸಿಗುವ ಗೋಡೆಗೇ ನಮ್ಮನ್ನು ಒಯ್ದರು.

ಊಟದ ಬಗ್ಗೆ ಹೆಚ್ಚು ಹೇಳುವುದಿಲ್ಲ. ಇನ್ನೊಂದು ಮಳಿಗೆಯ ಮಹಡಿಯಲ್ಲಿದ್ದ ಊಟದ ಮನೆಗೆ ಕರೆದೊಯ್ದರು, ಸಸ್ಯಾಹಾರವೆಂದು ಮೊದಲೇ ತಿಳಿಸಿದ್ದರೂ ಅನ್ನ ಮತ್ತು ಬೇಯಿಸಿದ ಎಲೆಕೋಸು ಬಿಟ್ಟರೆ ನಮಗೆ ತಿನ್ನುವಂಥದ್ದು ಏನೂ ಇರಲಿಲ್ಲ.

ಊಟದ ನಂತರ ನಡೆದದ್ದನ್ನು ವಿವರವಾಗಿ ಹೇಳಲೇಬೇಕು. ನಡೆದು ದಣಿದವರಿಗೆ ಉಚಿತವಾಗಿ ಪಾದಗಳಿಗೆ ಬಿಸಿನೀರಿನ ಉಪಚಾರ ಕೊಡುತ್ತಾರೆಂದು ಹೇಳಿ ಗೈಡ್ ನಮ್ಮನ್ನು ಸಾಂಪ್ರದಾಯಿಕ ಚೀನೀ ವೈದ್ಯ ಕೇಂದ್ರವೆಂದು ಕರೆಯಲಾಗುವ ಕಟ್ಟಡಕ್ಕೆ ಕರೆದೊಯ್ದರು. ತಂದೆಯವರ ಕಾಲುಗಳು ನೀರಿನಲ್ಲಿದ್ದಾಗಲೇ ಬಿಳಿ ಕೋಟು ತೊಟ್ಟ ವ್ಯಕ್ತಿಯೊಬ್ಬರು ಭಾಷಾಂತರಕಾರರೊಂದಿಗೆ ಬಂದು, ಕೇಳದೆಯೇ ನಾಡಿ ಹಿಡಿದು, ನಾಲಿಗೆ ನೋಡಿ, ಮೂತ್ರಪಿಂಡಗಳು ಬಹಳ ದುರ್ಬಲವಾಗಿವೆ, ಈಗಲೇ ಔಷಧ ಆರಂಭಿಸದಿದ್ದರೆ ಒಂದೆರಡು ವರ್ಷಗಳಲ್ಲಿ ಗಂಭೀರವಾಗುತ್ತದೆ ಎಂದರು. ಹೆಂಡತಿಯನ್ನೂ ನನ್ನನ್ನೂ ಅಷ್ಟರಲ್ಲಿ ಪಕ್ಕದ ಕೋಣೆಗೆ ಕರೆದೊಯ್ದಿದ್ದರು. ನಾವು ತಿರುಗಿ ಬಂದಾಗ ತಂದೆಯವರ ಮುಂದೆ ಗಿಡಮೂಲಿಕೆಯ ಪೊಟ್ಟಣಗಳ ರಾಶಿ ಇತ್ತು, ಸಾವಿರಾರು ಯುವಾನ್‌ಗಳ ಬಿಲ್ಲು ಸಿದ್ಧವಾಗಿತ್ತು, ಮತ್ತು ಅವರ ಮುಖ ಸಪ್ಪೆಯಾಗಿತ್ತು. ಭಯಗೊಂಡ ಹಿರಿಯರ ಎದುರು ನಿಂತು ಅದು ಸುಳ್ಳೆಂದು ವಾದಿಸುವುದು ಎಷ್ಟು ಕಷ್ಟವೆಂಬುದು ಅಂಥ ಸಂದರ್ಭ ಎದುರಿಸಿದವರಿಗೆ ಮಾತ್ರ ತಿಳಿದೀತು. ಅವರ ಸಮಾಧಾನಕ್ಕಾಗಿ ಅರ್ಧದಷ್ಟು ಪೊಟ್ಟಣಗಳಿಗೆ ಹಣ ಕೊಟ್ಟೆವು.

ಊರಿಗೆ ಮರಳಿದ ಮೇಲೆ ರಕ್ತ, ಮೂತ್ರ, ಕ್ರಿಯಾಟಿನೈನ್ ಪರೀಕ್ಷೆಗಳನ್ನೆಲ್ಲ ಮಾಡಿಸಿದೆವು. ಎಲ್ಲವೂ ಅವರ ವಯಸ್ಸಿಗೆ ಸರಿಯಾಗಿಯೇ ಇದ್ದವು. ಆದರೂ ಬಹಳ ದಿನ ಅವರು ರಾತ್ರಿ ಎದ್ದು ಕೂರುತ್ತಿದ್ದರು. ಚೀನೀ ವೈದ್ಯಪದ್ಧತಿಗೆ ಸಾವಿರಾರು ವರ್ಷಗಳ ಪರಂಪರೆ ಇದೆ, ಅಲ್ಲಿನ ಆಸ್ಪತ್ರೆಗಳಲ್ಲಿ ಅದನ್ನು ಅಭ್ಯಾಸ ಮಾಡುವ ಗಂಭೀರ ವೈದ್ಯರೂ ಇದ್ದಾರೆ. ಅವರ ಬಗ್ಗೆ ನಾನು ಏನನ್ನೂ ಹೇಳುತ್ತಿಲ್ಲ. ಆದರೆ ಪ್ರವಾಸಿಗಳ ದಾರಿಯಲ್ಲಿ ಕುಳಿತು, ಔಷಧ ಮಾರುವ ಸಲುವಾಗಿಯೇ ವೃದ್ಧರೊಬ್ಬರಿಗೆ ಕಾಯಿಲೆ ಇದೆ ಎಂದು ಹೇಳುವುದು ಕ್ರೌರ್ಯ. ಹಿರಿಯರೊಂದಿಗೆ ಹೋಗುವವರು ಪಾದದ ಉಪಚಾರವೆಂಬ ಆಹ್ವಾನವನ್ನು ಬಾಗಿಲಲ್ಲಿಯೇ ನಿರಾಕರಿಸಿ, ಅವರನ್ನು ಒಂದು ಕ್ಷಣವೂ ಒಂಟಿಯಾಗಿ ಬಿಡಬೇಡಿ.

ನಿಷೇಧಿತ ನಗರದ ಉತ್ತರ ಬದಿಗೆ ತಲಪಿದಾಗ ಮಧ್ಯಾಹ್ನ ಮೂರು ಗಂಟೆ ದಾಟಿತ್ತು. ಈ ಅರಮನೆಗೆ ಸಾಮಾನ್ಯ ಪ್ರವೇಶ ದಕ್ಷಿಣದ ಊಮೆನ್ ದ್ವಾರದಿಂದ ಮಾತ್ರ. ಉತ್ತರದ ಶೆನ್‌ವುಮೆನ್ ಹೊರಹೋಗುವ ಬಾಗಿಲು. ಟಿಕೆಟುಗಳು ಮುಗಿದಿವೆ ಎಂದು ಗೈಡ್ ಹೇಳಿ, ಕಂದಕದ ಆಚೆ ನಮ್ಮನ್ನು ನಿಲ್ಲಿಸಿ, ಅರಮನೆಯ ಗೋಡೆ ಹಿನ್ನೆಲೆಯಲ್ಲಿ ಬರುವಂತೆ ಫೋಟೋ ತೆಗೆದು, ಕಾರಿನ ಕಡೆಗೆ ನಡೆದರು. 1420ರಲ್ಲಿ ಕಟ್ಟಿ ಮುಗಿಸಿದ, ಮಿಂಗ್ ಮತ್ತು ಚಿಂಗ್ ವಂಶಗಳ 24 ಚಕ್ರವರ್ತಿಗಳು ಬಾಳಿದ ಅರಮನೆಯನ್ನು ನಾವು ನೋಡಿದ್ದು ಅಷ್ಟೇ.

ಟಿಕೆಟ್ ಮುಗಿದಿತ್ತೆಂಬ ಮಾತು ನಿಜವಲ್ಲ. ನಮ್ಮ ಹೆಸರಿನಲ್ಲಿ ಟಿಕೆಟ್ ಪಡೆಯುವ ಪ್ರಯತ್ನವೇ ನಡೆದಿರಲಿಲ್ಲ. ಇದನ್ನು ಮೊದಲೇ ಪತ್ತೆಹಚ್ಚುವ ದಾರಿ ಇದೆ, ಅದಕ್ಕಾಗಿಯೇ ಮುಖ್ಯವಾಗಿ ಇದನ್ನು ಬರೆಯುತ್ತಿದ್ದೇನೆ. ನಿಷೇಧಿತ ನಗರಕ್ಕೆ ದಿನಕ್ಕೆ ಇಷ್ಟೇ ಜನರೆಂಬ ಮಿತಿ ಇದೆ. ಟಿಕೆಟುಗಳು ಏಳು ದಿನ ಮುಂಚೆ ಆನ್‌ಲೈನ್‌ನಲ್ಲಿ ಬಿಡುಗಡೆಯಾಗುತ್ತವೆ. ಪ್ರತಿ ಟಿಕೆಟ್ಟೂ ಒಬ್ಬ ವ್ಯಕ್ತಿಯ ಹೆಸರಿಗೆ, ವಿದೇಶೀಯರಾದರೆ ಪಾಸ್‌ಪೋರ್ಟ್ ಸಂಖ್ಯೆಗೆ, ಅಂಟಿಕೊಂಡಿರುತ್ತದೆ. ಬಾಗಿಲಲ್ಲಿ ಅದೇ ಪಾಸ್‌ಪೋರ್ಟ್ ತೋರಿಸಬೇಕು. ಅರಮನೆಯ ದಕ್ಷಿಣಕ್ಕಿರುವ ಟಿಯಾನನ್‌ಮೆನ್ ಚೌಕಕ್ಕೂ ಈಗ ಮುಂಗಡ ನೋಂದಣಿ ಬೇಕು. ಹಾಗಾಗಿ ಪ್ರವಾಸದ ದಿನಕ್ಕೆ ಒಂದು ವಾರ ಮೊದಲೇ ನಿಮ್ಮ ಪಾಸ್‌ಪೋರ್ಟ್ ಸಂಖ್ಯೆ ಕೇಳದ ಸಂಸ್ಥೆ ನಿಮ್ಮನ್ನು ಅರಮನೆಯೊಳಗೆ ಕರೆದೊಯ್ಯುವ ಉದ್ದೇಶ ಹೊಂದಿಲ್ಲ. ನಮ್ಮನ್ನು ಕೊನೆಯವರೆಗೂ ಕೇಳಲಿಲ್ಲ. ಏಪ್ರಿಲ್‌ನಿಂದ ಅಕ್ಟೋಬರ್‌ವರೆಗೆ ಟಿಕೆಟ್ 60 ಯುವಾನ್, ಉಳಿದ ತಿಂಗಳುಗಳಲ್ಲಿ 40 ಯುವಾನ್. ಸರ್ಕಾರಿ ರಜೆಯ ದಿನಗಳನ್ನು ಬಿಟ್ಟರೆ ಸೋಮವಾರ ಅರಮನೆ ಮುಚ್ಚಿರುತ್ತದೆ. ಸೋಮವಾರಕ್ಕೆ ನಿಷೇಧಿತ ನಗರವನ್ನು ಸೇರಿಸಿದ ಕಾರ್ಯಕ್ರಮ ಕೊಟ್ಟವರನ್ನು ಅಲ್ಲಿಗೇ ಬಿಟ್ಟುಬಿಡಿ.

ದರ ಏಕೆ ಅಷ್ಟು ಕಡಿಮೆ ಎಂಬುದಕ್ಕೆ ಉತ್ತರ ಅಂಗಡಿಗಳಲ್ಲಿದೆ. ಇಂಥ ಪ್ರವಾಸಗಳಲ್ಲಿ ಗೈಡ್ ಮತ್ತು ಚಾಲಕರ ದುಡಿಮೆಗೆ ತಕ್ಕ ಕೂಲಿಯನ್ನು ಪ್ರವಾಸಿಯಿಂದ ವಸೂಲು ಮಾಡಿರುವುದಿಲ್ಲ. ಅವರು ಅದನ್ನು ಮಳಿಗೆಗಳ ಕಮಿಷನ್‌ನಿಂದ ಗಳಿಸಬೇಕಾಗುತ್ತದೆ. ನಮ್ಮ ಗೈಡ್ ತರುಣಿ, ಚೆನ್ನಾಗಿ ಓದಿಕೊಂಡವರು, ದಾರಿಯಲ್ಲಿ ಮಿಂಗ್ ಅರಸರ ಬಗ್ಗೆ ತಂದೆಯವರೊಡನೆ ಆಡಿದ ಮಾತುಗಳಲ್ಲಿ ನಿಜವಾದ ಆಸಕ್ತಿ ಇತ್ತು. ನ್ಯಾಯವಾದ ಸಂಬಳ ಸಿಕ್ಕಿದ್ದರೆ ಅವರೇ ನಮಗೆ ಒಳ್ಳೆಯ ದಿನವೊಂದನ್ನು ಕೊಡುತ್ತಿದ್ದರೆಂದು ನನಗೆ ಅನಿಸುತ್ತದೆ. ನನ್ನ ಸಿಟ್ಟು ಅವರನ್ನು ಈ ವ್ಯವಸ್ಥೆಗೆ ಒಡ್ಡಿದ ಸಂಸ್ಥೆಯ ಮೇಲೆ.

ಚೀನಾದ ಕಾನೂನು ಇದನ್ನು ಒಪ್ಪುವುದಿಲ್ಲ ಎಂಬುದು ಬಹಳ ಜನಕ್ಕೆ ತಿಳಿದಿಲ್ಲ. 2013ರ ಅಕ್ಟೋಬರ್ 1ರಿಂದ ಜಾರಿಯಲ್ಲಿರುವ ಪ್ರವಾಸೋದ್ಯಮ ಕಾನೂನಿನ 35ನೆಯ ವಿಧಿ, ಅಸಹಜವಾಗಿ ಕಡಿಮೆ ದರದಿಂದ ಪ್ರವಾಸಿಗಳನ್ನು ಸೆಳೆದು ಖರೀದಿಯ ಮೂಲಕ ಕಮಿಷನ್ ಪಡೆಯುವುದನ್ನು ನಿಷೇಧಿಸುತ್ತದೆ. ಇದನ್ನು ಉಲ್ಲಂಘಿಸಿದರೆ ಪ್ರವಾಸ ಮುಗಿದ 30 ದಿನಗಳೊಳಗೆ ವಸ್ತುಗಳನ್ನು ಹಿಂದಿರುಗಿಸಿ ಹಣ ಪಡೆಯಲು ಪ್ರವಾಸ ಸಂಸ್ಥೆಯನ್ನೇ ಕೇಳುವ ಹಕ್ಕು ಪ್ರವಾಸಿಗೆ ಇದೆ. ಒಪ್ಪಿದ ಕಾರ್ಯಕ್ರಮವನ್ನು ಗೈಡ್ ತಾನಾಗಿಯೇ ಬದಲಿಸುವಂತಿಲ್ಲ, ಟಿಪ್ಸ್ ಕೇಳುವಂತಿಲ್ಲ ಎಂದು 41ನೆಯ ವಿಧಿ ಹೇಳುತ್ತದೆ. ಆದರೆ ಈ ರಕ್ಷಣೆ ಸಿಗಬೇಕಾದರೆ ನಿಮ್ಮ ಒಪ್ಪಂದ ಪರವಾನಗಿ ಇರುವ ಪ್ರವಾಸ ಸಂಸ್ಥೆಯೊಂದಿಗೆ ಇರಬೇಕು. ಹೋಟೆಲಿನ ಬಾಗಿಲಲ್ಲಿ ಅಥವಾ ಚಾಟ್ ಸಂದೇಶದಲ್ಲಿ ಸಿಕ್ಕ ವ್ಯಕ್ತಿಗೆ ನೇರವಾಗಿ ಹಣ ಕೊಟ್ಟರೆ, ನಂತರ ಕೇಳುವುದಕ್ಕೆ ಯಾರೂ ಇರುವುದಿಲ್ಲ.

ಆದ್ದರಿಂದ ಮುಂಗಡ ಕೊಡುವ ಮೊದಲು ಮೂರು ಮಾತುಗಳನ್ನು ಬರವಣಿಗೆಯಲ್ಲಿ ಪಡೆಯಿರಿ: ಮಹಾಗೋಡೆಯ ಯಾವ ಭಾಗಕ್ಕೆ ಹೋಗುವುದು ಎಂಬುದು ಸ್ಥಳದ ಹೆಸರಿನೊಂದಿಗೆ, ಯಾವುದೇ ಅಂಗಡಿ, ಕಾರ್ಖಾನೆ, ಚಹಾ ಮನೆ, ವೈದ್ಯ ಕೇಂದ್ರದಲ್ಲಿ ನಿಲ್ಲಿಸುವುದಿಲ್ಲ ಎಂಬುದು, ನಿಷೇಧಿತ ನಗರದ ಟಿಕೆಟ್ ನಿಮ್ಮ ಪಾಸ್‌ಪೋರ್ಟ್ ಸಂಖ್ಯೆಗೆ ಕಾಯ್ದಿರಿಸಿದ ದಾಖಲೆ. ಮೂರನೆಯದನ್ನು ನೀವೇ ಮಾಡಿಕೊಳ್ಳುವುದು ಇನ್ನೂ ಉತ್ತಮ. ಚೀನಾದಲ್ಲಿ ಗೂಗಲ್, ವಾಟ್ಸಾಪ್ ಸಾಮಾನ್ಯವಾಗಿ ಕೆಲಸ ಮಾಡುವುದಿಲ್ಲವಾದ್ದರಿಂದ, ಈ ದಾಖಲೆಗಳನ್ನೂ ಹೋಟೆಲಿನ ವಿಳಾಸವನ್ನೂ ಚೀನೀ ಲಿಪಿಯಲ್ಲಿ ಫೋನಿನಲ್ಲಿಯೇ ಉಳಿಸಿಕೊಳ್ಳಿ. ಮಹಾಗೋಡೆಗೆ ಗೈಡ್ ಬೇಕೇ ಬೇಕು ಎಂದೇನೂ ಇಲ್ಲ. 2019ರ ಡಿಸೆಂಬರ್‌ನಿಂದ ಬೀಜಿಂಗ್‌ನಿಂದ ಮಹಾಗೋಡೆಯ ಇನ್ನೊಂದು ಭಾಗವಾದ ಬಾದಾಲಿಂಗ್‌ಗೆ ವೇಗದ ರೈಲಿದೆ, ಅಲ್ಲಿ ಕೇಬಲ್ ಕಾರೂ ಇದೆ. ಜನಸಂದಣಿ ಹೆಚ್ಚು ಎಂಬುದೊಂದೇ ತೊಂದರೆ. ಮುಟಿಯಾನ್ಯುಗೆ ಚಾಲಕನೊಡನೆ ಕಾರು ಮಾತ್ರ ಗೊತ್ತುಮಾಡಿಕೊಂಡು, ಇತಿಹಾಸ ಕೇಳುವ ಅರಮನೆಗೆ ಮಾತ್ರ ಗೈಡ್ ಹಿಡಿಯುವುದು ಹಿರಿಯರಿರುವ ಕುಟುಂಬಕ್ಕೆ ಅನುಕೂಲ. ಎರಡನ್ನೂ ಒಂದೇ ದಿನಕ್ಕೆ ತುರುಕದಿದ್ದರೆ ಇನ್ನೂ ಒಳ್ಳೆಯದು.

ಅನ್ಯಾಯವಾದರೆ ಚೀನಾ ಬಿಡುವ ಮೊದಲೇ ದೂರು ಕೊಡಿ. ಮರುದಿನ ನಾವು ಹೋಟೆಲಿನ ಸಿಬ್ಬಂದಿಯ ನೆರವಿನಿಂದ ಬೀಜಿಂಗ್‌ನ 12345 ಸಹಾಯವಾಣಿಗೆ ಕರೆ ಮಾಡಿದೆವು. ಅಲ್ಲಿ ಇಂಗ್ಲಿಷಿನಲ್ಲಿಯೂ ಮಾತನಾಡಬಹುದು. ಒಪ್ಪಿದ ಕಾರ್ಯಕ್ರಮದ ಪ್ರತಿ, ಔಷಧದ ಬಿಲ್ಲು, ಗೈಡ್‌ರ ಗುರುತಿನ ಚೀಟಿಯ ಫೋಟೋ ನಮ್ಮಲ್ಲಿದ್ದವು. ಅದೇ ಸಂಜೆ ಸಂಸ್ಥೆಯವರು ಬಂದು, ತೆರೆಯದ ಪೊಟ್ಟಣಗಳನ್ನೆಲ್ಲ ಪಡೆದು ಅವುಗಳ ಹಣವನ್ನು ಹಿಂದಿರುಗಿಸಿದರು. ಕಾಣದ ಅರಮನೆಯ ಟಿಕೆಟ್ಟಿಗೆಂದು ಪಡೆದ ಹಣದ ಬಗ್ಗೆ ಕೇಳಿದ ಪ್ರಶ್ನೆಗೆ ಇಂದಿನವರೆಗೂ ಉತ್ತರ ಬಂದಿಲ್ಲ.