ಎಟಿಮಾನ್‌ಲೈನ್: ‘ಕ್ರೆಪಸ್ಕ್ಯುಲರ್’ ಹುಡುಕಿ ನೋಡಿದರೆ

ಇಂಗ್ಲಿಷ್ ಪದಗಳ ಮೂಲ ಬೇಕಾದ ಕಾಸರಗೋಡಿನ ಕನ್ನಡ ಮಾಧ್ಯಮದ ಅಧ್ಯಾಪಕರಿಗೆ ಎಟಿಮಾನ್‌ಲೈನ್ ಎಂಬ ಈ ಜಾಲತಾಣ ಧಾರಾಳ ಸಾಕು, ದುಡ್ಡು ಕೊಡಬೇಕಿಲ್ಲ. ‘ಕ್ರೆಪಸ್ಕ್ಯುಲರ್’ ಎಂಬ ಅಪರೂಪದ ವಿಶೇಷಣ ಹಾಕಿ ನೋಡಿ: ಲ್ಯಾಟಿನ್ನಿನ ‘ಕ್ರೆಪುಸ್ಕುಲುಮ್’, ಅಂದರೆ ಮುಸ್ಸಂಜೆ, ಅದರ ಬೆನ್ನಿಗೇ ‘ಕ್ರೆಪೆರ್’, ಮಬ್ಬು. ಇಂಗ್ಲಿಷಿಗೆ ಬಂದದ್ದು 17ನೇ ಶತಮಾನದಲ್ಲಿ. ಲ್ಯಾಟಿನ್ನಿನಲ್ಲಿ ನಸುಕಿಗೆ ‘ದಿಲೂಕುಲುಮ್’ ಎಂದು ಬೇರೆ ಪದವೇ ಇತ್ತು. ಜೀವಶಾಸ್ತ್ರದ ಇಂಗ್ಲಿಷಿನಲ್ಲಿ ಎರಡು ಹೊತ್ತಿಗೂ ‘ಕ್ರೆಪಸ್ಕ್ಯುಲರ್’ ಒಂದೇ. ನಸುಕಿಗೂ ಮುಸ್ಸಂಜೆಗೂ ಚುರುಕಾಗುವ ಮೊಲ ಕ್ರೆಪಸ್ಕ್ಯುಲರ್. ಇರುಳಿನ ಪ್ರಾಣಿ ‘ನಾಕ್ಟರ್ನಲ್’. ಮಕ್ಕಳು ಎಡವುವುದು ಇಲ್ಲೇ. ಬೇಕಲ ಕೋಟೆಯಿಂದ ಸಂಜೆ ಮೋಡದ ಸೀಳಿನಲ್ಲಿ ಕಾಣುವ ಬೆಳಕಿನ ಕೋಲುಗಳು ‘ಕ್ರೆಪಸ್ಕ್ಯುಲರ್ ರೇಸ್’. ಉಚ್ಚಾರದ ಒತ್ತು ‘ಪಸ್’ ಮೇಲೆ. ಇಂಥದ್ದಕ್ಕೂ ಬಳಕೆಯ ವಾಕ್ಯಗಳಿಗೂ ಇಂಗ್ಲಿಷ್ ವಿಕ್ಷನರಿ ಎಂಬ ಆನ್‌ಲೈನ್ ನಿಘಂಟೇ ಮೇಲು. ಫೋನಿನಲ್ಲಿ ಎರಡನ್ನೂ ಒಟ್ಟಿಗೆ ತೆರೆದಿಡಿ.