ಮೀನಿನ ಪಫ್ಸ್, ಮೀನಿನ ಬನ್, ಮೀನಿನ ಕರ್ಜಿಕಾಯಿ: ಮೂರನ್ನೂ ಮಾಡಿ ನೋಡಿದೆ

ದಾವಣಗೆರೆಯಲ್ಲಿ ಸಂಜೆ ಟೀ ಅಂದರೆ ಜೊತೆಗೆ ಮಂಡಕ್ಕಿ, ಮಿರ್ಚಿ. ಅದನ್ನು ಮೀರಿಸೋಕೆ ಹೊರಟವಳಲ್ಲ ನಾನು. ಕುಂದಾಪುರಕ್ಕೆ ಕೊಟ್ಟ ನಾದಿನಿ ಏಪ್ರಿಲ್ ರಜಕ್ಕೆ ಬಂದವಳು, "ಅತ್ತಿಗೆ, ದಿನಾ ಮಂಡಕ್ಕಿ ಸಾಕಾಯ್ತು, ಮೀನು ಹಾಕಿ ಏನಾದ್ರೂ ಮಾಡಿ" ಅಂದಳು. ಅಲ್ಲಿಂದ ಶುರುವಾಯ್ತು. ಮೂರು ಭಾನುವಾರ, ಮೂರು ಬಗೆ.

ಪಫ್ಸ್ ಬೇಕರಿಯಲ್ಲಿ ಎಲ್ಲರೂ ತಿಂದದ್ದೇ. ಬನ್ ಮಾಡೋ ಯೋಚನೆ ಬಂದದ್ದು ಶ್ರೀಲಂಕಾದವರ ಮಾಳು ಪಾನ್ ನೋಡಿ. ಮೀನು, ಆಲೂಗಡ್ಡೆ ಪಲ್ಯ ತುಂಬಿದ ಮೂರು ಮೂಲೆಯ ಬನ್ ಅದು. ಮೂರನೆಯದು ಮಲೇಷ್ಯಾ, ಸಿಂಗಾಪುರದ ಕರಿ ಪಫ್. ಅಲ್ಲಿ ಡಬ್ಬಿ ಮೀನು ತುಂಬಿದ್ದೂ ಸಿಗುತ್ತದೆ. ಅದರ ಚಿತ್ರ ನೋಡಿದಾಗ ನಗು ಬಂತು. ಅಂಚಿಗೆ ಮುರಿ ಹಾಕಿ ಎಣ್ಣೆಯಲ್ಲಿ ಕರಿದದ್ದು, ಥೇಟ್ ನಮ್ಮ ಕರ್ಜಿಕಾಯಿ!

ಮೊದಲು ಮೀನಿನ ವಿಷಯ. ನಮ್ಮಲ್ಲಿ ಸುಲಭವಾಗಿ ಸಿಗೋದು ರೋಹು, ಕಾಟ್ಲಾ. ಸೂಳೆಕೆರೆ ಮೀನು ಅಂತ ಹೇಳಿ ಮಾರ್ತಾರೆ, ಎಲ್ಲಿಂದ ಬಂತು ಅಂತ ಆ ಮೀನಿಗೇ ಗೊತ್ತು. ಅರ್ಧ ಕೆಜಿ ರೋಹು ತಂದು ಅರಿಶಿನ, ಉಪ್ಪು ಹಾಕಿ ಬೇಯಿಸಿ ಮುಳ್ಳು ತೆಗೆಯೋಕೆ ಕೂತೆ. ಕವಲೊಡೆದ ಕೂದಲೆಳೆಯಂಥ ಮುಳ್ಳು. ಕಣ್ಣಿಗೆ ಕಾಣಲ್ಲ, ಬೆರಳ ತುದಿಗೆ ಮಾತ್ರ ಸಿಗುತ್ತದೆ. ಸ್ಟೀಲ್ ತಟ್ಟೆ ಮೇಲೆ ಚೂರು ಚೂರೇ ಉಜ್ಜಿ ನೋಡಬೇಕು, ಮುಳ್ಳಿದ್ದರೆ ಕಿರ್ ಅನ್ನುತ್ತದೆ. ಮುಕ್ಕಾಲು ಗಂಟೆ ಹಿಡಿಯಿತು. ಎರಡನೇ ವಾರ ಜಾಣಳಾದೆ. ಹೊಟ್ಟೆಯ ಭಾಗದ ತುಂಡು ಮಾತ್ರ ಕೇಳಿ ತಂದೆ. ಅಲ್ಲಿ ಇರೋದು ದೊಡ್ಡ ಪಕ್ಕೆ ಮುಳ್ಳು, ಎಳೆದರೆ ಬರುತ್ತದೆ. ಸಣ್ಣ ಮುಳ್ಳೆಲ್ಲ ಬೆನ್ನು, ಬಾಲದ ಕಡೆಗೇ ಜಾಸ್ತಿ. ಬಂಗುಡೆಗೆ ಈ ರಗಳೆ ಇಲ್ಲ, ಆದರೆ ಅದರ ವಾಸನೆ ಇಡೀ ಬೀದಿಗೆ ಸುದ್ದಿ ಮುಟ್ಟಿಸುತ್ತದೆ. ಡಬ್ಬಿ ಟ್ಯೂನಾ ಒಂದು ಸಲ ನೋಡಿದೆ. ಮುಳ್ಳೂ ಇಲ್ಲ, ರುಚಿಯೂ ಇಲ್ಲ.

ಪಲ್ಯ ಮೂರಕ್ಕೂ ಒಂದೇ. ಬೇಯಿಸಿದ ಎರಡು ಆಲೂಗಡ್ಡೆ, ಎರಡು ಈರುಳ್ಳಿ, ಹಸಿಮೆಣಸಿನಕಾಯಿ, ಶುಂಠಿ, ಕರಿಬೇವು, ಕಾಳುಮೆಣಸು. ಬಾಣಲೆ ತಳ ಒಣಗೋವರೆಗೂ ಹುರಿಯಬೇಕು. ಇಲ್ಲದಿದ್ದರೆ ಮೀನು ಬಿಡೋ ನೀರಿಗೆ ಯಾವ ಹಿಟ್ಟೂ ತಡೆಯಲ್ಲ. ಒಲೆ ಆರಿಸಿದ ಮೇಲೆ ನಿಂಬೆರಸ.

ಪಫ್ಸ್‌ಗೆ ಹತ್ತಿರದ ಬೇಕರಿಯೊಂದರಿಂದ ಹಿಟ್ಟು ತಂದೆ. ಹಳೇ ಡಾಲ್ಡಾ ವಾಸನೆ, ಓವನ್‌ನಲ್ಲಿ ಉಬ್ಬಲೂ ಇಲ್ಲ. ಸರಿ, ನಾನೇ ಮಾಡ್ತೀನಿ ಅಂತ ನಮ್ಮೂರ ಬೆಣ್ಣೆ ತಂದೆ. ದೋಸೆ ಮೇಲೆ ಅದು ರಾಜ, ಪಫ್ಸ್‌ನಲ್ಲಿ ಶುದ್ಧ ದಂಡ. ಮಜ್ಜಿಗೆ ನೀರು ಉಳಿದ ಮೆತ್ತನೆ ಬೆಣ್ಣೆ, ಜೊತೆಗೆ ಏಪ್ರಿಲ್ ಸೆಕೆ. ಎರಡನೇ ಮಡಿಕೆಗೇ ಹಿಟ್ಟು ಹರಿದು ಬೆಣ್ಣೆ ಲಟ್ಟಣಿಗೆಗೆ ಅಂಟಿತು. ಬೆಣ್ಣೆ ಗಟ್ಟಿಯಾಗಿ ಪದರದ ಮಧ್ಯೆ ಉಳಿದರೆ ತಾನೇ ಓವನ್ ಬಿಸಿಗೆ ಒಳಗಿನ ನೀರು ಆವಿಯಾಗಿ ಪದರ ಎತ್ತೋದು? ಕೊನೆಗೆ ಅಂಗಡಿಯ ಹಳದಿ ಬೆಣ್ಣೆ ತಂದು, ಬೆಳಗ್ಗೆ ಆರಕ್ಕೇ ಎದ್ದು, ಒಂದೊಂದು ಮಡಿಕೆಗೂ ಇಪ್ಪತ್ತು ನಿಮಿಷ ಫ್ರೀಜರ್‌ನಲ್ಲಿಟ್ಟು ಮಾಡಿದೆ. 200 ಡಿಗ್ರಿಯಲ್ಲಿ 25 ನಿಮಿಷ. ಸುಳ್ಳು ಯಾಕೆ ಹೇಳಲಿ, ಮೊದಲ ತುತ್ತಿಗೆ ಇದೇ ಗೆದ್ದಿತು. ಹೊರಗೆ ಪರಪರ, ಒಳಗೆ ರೋಹು ಮೆತ್ತಗೆ. ಆದರೆ ನಾಲ್ಕಕ್ಕೆ ಕರೆದವರು ಐದಕ್ಕೆ ಬಂದರು. ಅಷ್ಟರಲ್ಲಿ ತಳ ಹಸಿ ಹಸಿ.

ಬನ್ ಸುಲಭ. ಈಸ್ಟ್ ಹಾಕಿದ ಹಿಟ್ಟು, ಎರಡು ಸಲ ಉಬ್ಬಿಸಿ, 180 ಡಿಗ್ರಿ, 20 ನಿಮಿಷ. ರೋಹು ಇದರಲ್ಲಿ ಕಳೆದೇ ಹೋಯಿತು, ಸುಮ್ನೆ ಆಲೂ ಬನ್ ತಿಂದಂಗಾಯ್ತು. ಬಂಗುಡೆ ಹಾಕಿದಾಗ ಮಾತ್ರ ಅರ್ಥ ಬಂತು. ಹೊಟ್ಟೆ ತುಂಬುತ್ತದೆ, ಟೀ ಜೊತೆಗೆ ಭಾರ.

ಕರ್ಜಿಕಾಯಿಗೆ ಒಂದು ಲೋಟ ಮೈದಾ, ಕಾಲು ಲೋಟ ಚಿರೋಟಿ ರವೆ, ಎರಡು ಚಮಚ ಕಾದ ಎಣ್ಣೆ. ಗಟ್ಟಿಯಾಗಿ ಕಲಸಿ ಅರ್ಧ ಗಂಟೆ ನೆನೆಯಲು ಬಿಟ್ಟೆ. ಸಣ್ಣ ಉರಿಯಲ್ಲಿ ಏಳೆಂಟು ನಿಮಿಷ ಕರಿಯಬೇಕು. ಅವಸರ ಮಾಡಿದರೆ ಮೇಲೆ ಕೆಂಪಗಾಗಿ, ಆಮೇಲೆ ಮೆತ್ತಗಾಗುತ್ತದೆ. ಒಂದೂವರೆ ಗಂಟೆ ಬಿಟ್ಟು ತಿಂದರೂ ಕರುಂ ಅಂತು. ಅದಕ್ಕಿಂತ ಹೊತ್ತು ಹೊರಗೆ ಇಡಬೇಡಿ, ನಮ್ಮ ಬಿಸಿಲಿಗೆ ಒಳಗಿರೋ ಮೀನು ಕೆಡುತ್ತದೆ. ಎಣ್ಣೆಗೆ ಮೀನಿನ ವಾಸನೆ ಹತ್ತೀತು ಅಂತ ಹೆದರಿದ್ದೆ. ಮುರಿ ಬಿಚ್ಚದಿದ್ದರೆ ಹತ್ತಲ್ಲ. ನಿಜವಾದ ವಾಸನೆ ಬರೋದು ಮೀನು ಬೇಯಿಸುವಾಗ, ಅದು ಮೂರಕ್ಕೂ ತಪ್ಪಿದ್ದಲ್ಲ. ಕೆಳಗಡೆ ಮನೆಯವರು ಮೀನು ಮುಟ್ಟದವರು. ಹಾಗಾಗಿ ಅವರು ಮಧ್ಯಾಹ್ನ ಹೊರಗೆ ಹೋದಾಗ ಪಲ್ಯ ಮುಗಿಸಿಕೊಳ್ತೀನಿ.

ಇನ್ನು ಟೀ. ಮೀನು ತಿಂದು ಹಾಲು ಕುಡಿದರೆ ತೊನ್ನು ಬರುತ್ತೆ ಅಂತ ಅತ್ತೆಯ ವಾದ. ವೈಜ್ಞಾನಿಕ ಆಧಾರ ಇಲ್ಲ ಅಂತ ಹೇಳಿ ನೋಡಿದೆ, ಕೇಳಲಿಲ್ಲ. ನಿಂಬೆ ಟೀ ಮಾಡಿದೆ. ನಿಜ ಹೇಳಬೇಕು ಅಂದ್ರೆ ಹಾಲಿನ ಟೀಗಿಂತ ಅದೇ ಚೆನ್ನಾಗಿ ಹೊಂದಿತು.

ಈಗ ಮನೆಗೆ ಯಾರೇ ಬಂದರೂ ರೋಹು ಕರ್ಜಿಕಾಯಿಯೇ. ಬಂದವರು ಬಾಗಿಲಲ್ಲೇ ಇದ್ದರೆ ಮಾತ್ರ ಪಫ್ಸ್. ಒಂದು ಎಡವಟ್ಟು ಮಾತ್ರ ಆಯ್ತು. ಪಕ್ಕದ ಮನೆ ಹುಡುಗ ಕೊಬ್ಬರಿ, ಸಕ್ಕರೆ ಇರುತ್ತೆ ಅಂತ ಕಚ್ಚಿ ಮುಖ ಹುಳ್ಳಗೆ ಮಾಡಿಕೊಂಡ. ಅವತ್ತೇ ಅತ್ತೆ ಹಬ್ಬದ ಕರ್ಜಿಕಾಯಿ ಅಚ್ಚು ಎತ್ತಿ ಬೀರುವಿನಲ್ಲಿಟ್ಟು ಬೀಗ ಹಾಕಿದರು. ಹಾಗಾಗಿ ಕೈಯಲ್ಲೇ ಮುರಿ ಹಾಕೋದು ಕಲಿತೆ. ನಾದಿನಿ ಹಾಕಿದಷ್ಟು ನೀಟಾಗಿ ಇನ್ನೂ ಬಂದಿಲ್ಲ.